ಕ್ಯಾಮೆರಾಮನ್ ನಿರ್ಮಾಪಕ ಆಗೋದು ಹೇಗೆ: ಬಿ.ಎಸ್. ರಂಗಾ ಅವರ ದಾರಿ, ಈಗಿನ ಲೆಕ್ಕ

ಸಕಲೇಶಪುರದ ಹತ್ತಿರ ಒಂದು ಹಳೇ ಬಂಗಲೆ. ಬೆಳಗ್ಗೆ ಆರೂವರೆ. ಮಂಜು ದಟ್ಟವಾಗಿತ್ತು. ಇನ್ನೊಂದು ಅರ್ಧ ಗಂಟೆ ಕಾದರೆ ಅದು ಸ್ವಲ್ಪ ತೆಳುವಾಗಿ, ಹಿಂದಿನ ಸಿಲ್ವರ್ ಮರಗಳು ಒಂದರ ಹಿಂದೆ ಒಂದು ಕಾಣುತ್ತವೆ ಅಂತ ನನಗೆ ಗೊತ್ತಿತ್ತು. "ಕಾಯೋಣ" ಅಂದೆ. ಡೈರೆಕ್ಟರ್ ತಲೆಯಾಡಿಸಿದರು. ಹದಿನೈದು ವರ್ಷ ಕ್ಯಾಮೆರಾಮನ್ ಆಗಿ ಹೀಗೆ ಎಷ್ಟು ಸಲ ಕಾದಿದ್ದೇನೋ ಲೆಕ್ಕವಿಲ್ಲ. ಆದರೆ ಆವತ್ತು ಪ್ರೊಡಕ್ಷನ್ ಮ್ಯಾನೇಜರ್ ವೋಚರ್ ಪುಸ್ತಕ ಹಿಡಿದು ಪಕ್ಕಕ್ಕೆ ಬಂದರು. "ಸಾರ್, ಈಗ ಕಾದ್ರೆ ಸಂಜೆ ಆರಕ್ಕೆ ಮುಗಿಯಲ್ಲ. ಯೂನಿಟ್‌ಗೆ ಅರ್ಧ ಕಾಲ್‌ಶೀಟ್ ಜಾಸ್ತಿ ಕೊಡಬೇಕು, ಜನರೇಟರ್ ಬೇರೆ. ಸಹಿ ನಿಮ್ದೇ ಅಲ್ವಾ?" ಅಂದರು. ಕಾಲ್‌ಶೀಟ್ ಅಂದರೆ ಒಂದು ಪಾಳಿಯ ಕೆಲಸ.

ಅದು ನಾನೇ ದುಡ್ಡು ಹಾಕಿದ ಮೊದಲ ಸಿನಿಮಾ. ಕಾಯಲಿಲ್ಲ. ಮಂಜಿನಲ್ಲೇ ಶಾಟ್ ತೆಗೆದೆವು. ಸಿನಿಮಾದಲ್ಲಿ ಅದು ನಾಲ್ಕು ಸೆಕೆಂಡ್ ಇದೆ. ನೋಡಿದವರು ಯಾರೂ ಏನೂ ಹೇಳಲಿಲ್ಲ. ನನಗೆ ಮಾತ್ರ ಈಗಲೂ ಆ ಶಾಟ್ ಬಂದಾಗ ಹೊಟ್ಟೆಯಲ್ಲಿ ಏನೋ ಆಗುತ್ತದೆ.

ಕ್ಯಾಮೆರಾ ಕೆಲಸದಲ್ಲಿ ಹತ್ತು ಹದಿನೈದು ವರ್ಷ ಕಳೆದವರು, "ನಾವೇ ಯಾಕೆ ಒಂದು ಸಿನಿಮಾ ಮಾಡಬಾರದು" ಅಂತ ರಾತ್ರಿ ಪ್ಯಾಕಪ್ ಆದಮೇಲೆ ಮಾತಾಡಿಕೊಳ್ಳುವವರು, ಅವರಿಗೆ ಈ ಬರಹ. ಹೊಸದಾಗಿ ಕ್ಯಾಮೆರಾ ಕಲಿಯುತ್ತಿರುವವರಿಗಲ್ಲ, ನೀವು ಮೊದಲು ಲೈಟಿಂಗ್ ಕಲೀರಿ.

ಮೊದಲು ರಂಗಾ ಅವರ ಕತೆ

ಈ ದಾರಿಯಲ್ಲಿ ನಮಗಿಂತ ಎಷ್ಟೋ ಮೊದಲು ನಡೆದವರು ಬಿ.ಎಸ್. ರಂಗಾ. ಮಾಗಡಿಯಲ್ಲಿ ಹುಟ್ಟಿದವರು. ಶುರು ಮಾಡಿದ್ದು ಸ್ಟಿಲ್ ಫೋಟೋಗ್ರಫಿಯಿಂದ. ಆಮೇಲೆ ಬೊಂಬಾಯಿಗೆ ಹೋಗಿ ಕ್ಯಾಮೆರಾ ಕೆಲಸದ ಜೊತೆಗೆ ಲ್ಯಾಬ್ ಕೆಲಸವನ್ನೂ, ಅಂದರೆ ಫಿಲ್ಮ್ ತೊಳೆದು ಪ್ರಿಂಟ್ ಹಾಕುವುದನ್ನೂ, ಕಲಿತರು. ಮದ್ರಾಸಿಗೆ ಬಂದು ಕ್ಯಾಮೆರಾಮನ್ ಆದರು. 1950ರ ದಶಕದಲ್ಲಿ ವಿಕ್ರಂ ಪ್ರೊಡಕ್ಷನ್ಸ್ ಅಂತ ಸ್ವಂತ ಬ್ಯಾನರ್ ಮಾಡಿದರು, ಮದ್ರಾಸಿನಲ್ಲಿ ವಿಕ್ರಂ ಸ್ಟುಡಿಯೋ ನಡೆಸಿದರು, ಬೆಂಗಳೂರಿಗೆ ವಸಂತ್ ಕಲರ್ ಲ್ಯಾಬ್ ತಂದರು. ಕನ್ನಡದ ಮೊದಲ ಪೂರ್ಣ ಪ್ರಮಾಣದ ವರ್ಣಚಿತ್ರ 'ಅಮರಶಿಲ್ಪಿ ಜಕಣಾಚಾರಿ' 1964ರಲ್ಲಿ ಬಂತಲ್ಲ, ಕಲ್ಯಾಣ್ ಕುಮಾರ್, ಬಿ. ಸರೋಜಾದೇವಿ ಇದ್ದದ್ದು, ಅದರ ನಿರ್ಮಾಪಕರೂ ನಿರ್ದೇಶಕರೂ ಅವರೇ. 2010ರಲ್ಲಿ ತೀರಿಕೊಂಡರು.

ಇವರನ್ನು ಸುಮ್ನೆ ಹೊಗಳೋಕೆ ಇದನ್ನೆಲ್ಲ ಬರೆಯುತ್ತಿಲ್ಲ. ಆ ಕ್ರಮ ನೋಡಿ. ಫೋಟೋ, ಲ್ಯಾಬ್, ಕ್ಯಾಮೆರಾ, ಬ್ಯಾನರ್, ಸ್ಟುಡಿಯೋ, ಮತ್ತೆ ಲ್ಯಾಬ್. ಆ ಕಾಲದಲ್ಲಿ ನಿರ್ಮಾಪಕನ ದುಡ್ಡು ನೆಗೆಟಿವ್, ಪ್ರಾಸೆಸಿಂಗ್, ಪ್ರಿಂಟ್, ಸ್ಟುಡಿಯೋ ಫ್ಲೋರ್ ಬಾಡಿಗೆ ಅಂತ ಎಲ್ಲೆಲ್ಲಿ ಸೋರುತ್ತಿತ್ತೋ ಅಲ್ಲೆಲ್ಲ ಇವರಿಗೆ ಕೈಯಾರೆ ಮಾಡಿದ ಕೆಲಸ ಗೊತ್ತಿತ್ತು. ಬೆಳಕು ಚೆನ್ನಾಗಿ ಗೊತ್ತಿರುವ ಕ್ಯಾಮೆರಾಮನ್‌ಗಳು ಆಗಲೂ ಬೇಕಾದಷ್ಟು ಜನ ಇದ್ದರು. ಖರ್ಚು ಎಲ್ಲಿ ಹುಟ್ಟುತ್ತದೆ ಅಂತ ಗೊತ್ತಿದ್ದವರು ಕಮ್ಮಿ.

ಇನ್ನೊಂದು ವಿಷಯ. 1956ರಲ್ಲಿ ತೆನಾಲಿ ರಾಮಕೃಷ್ಣನ ಕತೆಯನ್ನು ಅವರು ತೆಲುಗು, ತಮಿಳು ಎರಡರಲ್ಲೂ ತೆಗೆದರು. ತೆಲುಗಿನಲ್ಲಿ ತೆನಾಲಿ ಪಾತ್ರ ಅಕ್ಕಿನೇನಿ ನಾಗೇಶ್ವರ ರಾವ್ ಅವರದು, ತಮಿಳಿನಲ್ಲಿ ಶಿವಾಜಿ ಗಣೇಶನ್ ಅವರದು, ಕೃಷ್ಣದೇವರಾಯ ಮಾತ್ರ ಎರಡರಲ್ಲೂ ಎನ್.ಟಿ. ರಾಮರಾವ್. ಒಂದೇ ಆಸ್ಥಾನದ ಸೆಟ್ಟು, ಎರಡು ಮಾರುಕಟ್ಟೆ. ಜಕಣಾಚಾರಿಯ ಕತೆಯೂ ಕನ್ನಡ, ತೆಲುಗು ಎರಡರಲ್ಲೂ ಬಂತು. ಈಗ 'ಪ್ಯಾನ್ ಇಂಡಿಯಾ' ಅಂತ ಪೋಸ್ಟರ್ ಮೇಲೆ ಬರೆದುಕೊಳ್ಳುತ್ತೇವೆ, ಅವರು ಎಪ್ಪತ್ತು ವರ್ಷದ ಹಿಂದೆ ಸುಮ್ಮನೆ ಲೆಕ್ಕ ಹಾಕಿ ಮಾಡಿ ಮುಗಿಸಿದರು.

ಮುಖ್ಯವಾದದ್ದು ಇದು. ತೆನಾಲಿಗೆ ಕ್ಯಾಮೆರಾ ಅವರದೇ. ಆದರೆ ಜಕಣಾಚಾರಿಗೆ, ಅಂದರೆ ಕನ್ನಡಕ್ಕೆ ಬಣ್ಣ ತರುವ ಸಿನಿಮಾಕ್ಕೆ, ಕ್ಯಾಮೆರಾ ಹಿಡಿದದ್ದು ಬಿ.ಎನ್. ಹರಿದಾಸ್. ಕ್ಯಾಮೆರಾದಿಂದಲೇ ಮೇಲೆ ಬಂದ ಮನುಷ್ಯ ಅಂಥ ಸಿನಿಮಾದಲ್ಲಿ ಕ್ಯಾಮೆರಾವನ್ನು ಬೇರೆಯವರ ಕೈಗೆ ಕೊಟ್ಟರು. ನೀವು ಕೊಡುತ್ತೀರಾ? ಯೋಚನೆ ಮಾಡಿ ಇಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಯಾಕೆ ನಿರ್ಮಾಪಕ ಆಗಬೇಕು ಅಂತ ಕೇಳಿದರೆ

ಹೆಸರಿಗೆ ಅಂತ ಹೇಳಬೇಡಿ. ಹೆಸರು ಕ್ಯಾಮೆರಾದಲ್ಲೇ ಬರುತ್ತದೆ. ಮೈಸೂರಿನ ವಿ.ಕೆ. ಮೂರ್ತಿ ಅವರನ್ನೇ ನೋಡಿ. 1959ರ 'ಕಾಗಜ್ ಕೇ ಫೂಲ್' ಚಿತ್ರಕ್ಕೆ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು, ಆಮೇಲೆ 2008ನೇ ಸಾಲಿನ ಫಾಲ್ಕೆ ಪ್ರಶಸ್ತಿಯೂ ಬಂತು. ಅದೇ ಸಿನಿಮಾದ ನಿರ್ಮಾಪಕ, ನಿರ್ದೇಶಕ ಗುರುದತ್ ಅವರಿಗೆ ಬಂದದ್ದು ನಷ್ಟ. ಅದಾದಮೇಲೆ ಅವರು ನಿರ್ದೇಶಕ ಅಂತ ತಮ್ಮ ಹೆಸರನ್ನೇ ಹಾಕಿಕೊಳ್ಳಲಿಲ್ಲ. ಒಂದೇ ಸಿನಿಮಾ. ಕ್ಯಾಮೆರಾದ ಹಿಂದೆ ನಿಂತವರಿಗೆ ಒಂದು, ಚೆಕ್‌ಗೆ ಸಹಿ ಹಾಕಿದವರಿಗೆ ಇನ್ನೊಂದು.

ನಿಜವಾದ ಕಾರಣ ಮಾಲೀಕತ್ವ. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆ ಪ್ರಕಾರ ಸಿನಿಮಾದ ಕರ್ತೃ ಅಂದರೆ ನಿರ್ಮಾಪಕ. ಡೈರೆಕ್ಟರ್ ಅಲ್ಲ, ಕ್ಯಾಮೆರಾಮನ್ ಅಂತೂ ಅಲ್ಲವೇ ಅಲ್ಲ. ಬಿಡುಗಡೆಯಾದ ಮೇಲೆ 60 ವರ್ಷ ಹಕ್ಕು ಅವನದೇ. 2012ರ ತಿದ್ದುಪಡಿಯಲ್ಲಿ ಹಾಡು ಬರೆದವರಿಗೆ, ಸಂಗೀತ ಮಾಡಿದವರಿಗೆ ರಾಯಲ್ಟಿ ವಿಷಯದಲ್ಲಿ ರಕ್ಷಣೆ ಸಿಕ್ಕಿತು. ಕ್ಯಾಮೆರಾಮನ್ ಅದರಲ್ಲೂ ಇಲ್ಲ. ನಾವು ದಿನಗೂಲಿ ಅಥವಾ ಒಟ್ಟು ಸಂಭಾವನೆ ತಗೊಂಡು ಮನೆಗೆ ಹೋಗುವವರು. ಸಿನಿಮಾ ಇಪ್ಪತ್ತು ವರ್ಷ ಟಿವಿಯಲ್ಲಿ ಬರುತ್ತಿದ್ದರೂ ನಮಗೆ ಬರುವುದು ನೆಂಟರ ಫೋನ್ ಮಾತ್ರ: "ನಿನ್ ಪಿಕ್ಚರ್ ಬರ್ತಾ ಇದೆ ನೋಡೋ."

ಇದು ಸಾಲದು ಅನಿಸಿದರೆ ಮುಂದೆ ಓದಿ.

ಕ್ಯಾಮೆರಾ ಬಿಡಬೇಡಿ, ಕ್ಯಾಶ್‌ಬುಕ್ ನೋಡಿ

ಮೊದಲ ಹೆಜ್ಜೆಗೆ ದುಡ್ಡು ಬೇಡ. ನೀವು ಈಗ ಮಾಡುತ್ತಿರುವ ಸಿನಿಮಾದ ಪ್ರೊಡಕ್ಷನ್ ಮ್ಯಾನೇಜರ್ ಜೊತೆ ಸ್ನೇಹ ಮಾಡಿಕೊಳ್ಳಿ. ದಿನದ ಕೊನೆಗೆ ಅವರು ಬರೆಯುವ ಲೆಕ್ಕ ನೋಡಿ. ಊಟ ಎಷ್ಟು, ಡೀಸೆಲ್ ಎಷ್ಟು, ಲೈಟ್‌ನವರ ಬಾಟಾ (ದಿನಭತ್ಯೆ) ಎಷ್ಟು, ಜೂನಿಯರ್ ಆರ್ಟಿಸ್ಟ್‌ಗಳು ಎಷ್ಟು ಜನ, ಎಷ್ಟು ಗಾಡಿ ಓಡಿದವು. ಎರಡು ಸಿನಿಮಾ ಪೂರ್ತಿ ಹೀಗೆ ಮಾಡಿದರೆ ಸಾಕು, ಒಂದು ಶೂಟಿಂಗ್ ದಿನಕ್ಕೆ ಏನಾಗುತ್ತದೆ ಅಂತ ಕಣ್ಣು ಮುಚ್ಚಿ ಹೇಳುತ್ತೀರಿ.

ಇಲ್ಲಿ ನಮಗೆ ಒಂದು ಅನುಕೂಲ ಇದೆ, ಬೇರೆ ಹೊಸ ನಿರ್ಮಾಪಕರಿಗೆ ಇಲ್ಲದ್ದು. ರಿಯಲ್ ಎಸ್ಟೇಟ್‌ನಿಂದ ಬಂದವರಿಗೆ ಸೆಟ್‌ನಲ್ಲಿ ಮೂರು ಗಂಟೆ ಯಾಕೆ ಹೋಯಿತು ಅಂತ ಗೊತ್ತಾಗುವುದಿಲ್ಲ, ಯಾರು ಏನು ಹೇಳಿದರೂ ನಂಬಬೇಕು. ನಿಮಗೆ ಗೊತ್ತು. ಟ್ರಾಲಿ ಹಾಕೋಕೆ ಎಷ್ಟು ಹೊತ್ತು, ರಾತ್ರಿ ಸೀನ್‌ಗೆ ಲೈಟಿಂಗ್ ಎಷ್ಟು ಹೊತ್ತು, ಯಾವ ನಟ ಒಂಬತ್ತು ಅಂದರೆ ಹನ್ನೊಂದಕ್ಕೆ ಬರುತ್ತಾರೆ, ಯಾವ ಡೈರೆಕ್ಟರ್ ಸೀನನ್ನು ಶಾಟ್‌ಗಳಾಗಿ ಒಡೆದುಕೊಳ್ಳದೆ ಬಂದು ಸೆಟ್‌ನಲ್ಲಿ ಯೋಚನೆ ಮಾಡುತ್ತಾರೆ. ಸಿನಿಮಾದಲ್ಲಿ ದುಡ್ಡು ಅಂದರೆ ಹೊತ್ತು. ಆ ಹೊತ್ತಿನ ಲೆಕ್ಕ ಕ್ಯಾಮೆರಾಮನ್ ಅಷ್ಟು ಚೆನ್ನಾಗಿ ಬೇರೆ ಯಾರಿಗೂ ಗೊತ್ತಿರುವುದಿಲ್ಲ. ನಿಮ್ಮ ಫ್ರೇಮಿಂಗ್ ಸೆನ್ಸ್ ನಿರ್ಮಾಪಕನಿಗೆ ಅಷ್ಟೇನೂ ಉಪಯೋಗಕ್ಕೆ ಬರಲ್ಲ, ಇದು ಬರುತ್ತದೆ.

ಕತೆ ಆರಿಸುವಾಗ

ನಮ್ಮವರು ಮಾಡುವ ದೊಡ್ಡ ತಪ್ಪು ಇಲ್ಲಿದೆ. ಕತೆ ಕೇಳುತ್ತಾ ಕೇಳುತ್ತಾ ತಲೆಯಲ್ಲಿ ಶಾಟ್ ಓಡುತ್ತವೆ. ಮಳೆ, ಮಲೆನಾಡು, ದೀಪದ ಬೆಳಕು. "ಎಂಥಾ ವಿಷುವಲ್ಸ್!" ಅಂತ ಒಪ್ಪಿಕೊಂಡುಬಿಡುತ್ತಾರೆ. ಕತೆ ಕೇಳುವಾಗ ಕಣ್ಣು ಕಟ್ಟಿಕೊಂಡು ಕೇಳಿ. ರೇಡಿಯೋ ನಾಟಕವಾದರೂ ಇದು ನಿಲ್ಲುತ್ತಾ ಅಂತ ನೋಡಿ.

ಮಲಯಾಳದಲ್ಲಿ ಸಮೀರ್ ತಾಹಿರ್, ಶೈಜು ಖಾಲಿದ್ ಇಬ್ಬರೂ ಕ್ಯಾಮೆರಾಮನ್‌ಗಳು. ಇಬ್ಬರೂ ಸೇರಿ 2018ರಲ್ಲಿ 'ಸುಡಾನಿ ಫ್ರಮ್ ನೈಜೀರಿಯಾ' ಮಾಡಿದರು. ಹೊಸ ನಿರ್ದೇಶಕ ಜಕರಿಯಾ. ಮಲಪ್ಪುರಂ ಕಡೆಯ ಸೆವೆನ್ಸ್ (ಏಳು ಜನ ಆಡುವ) ಫುಟ್‌ಬಾಲ್ ತಂಡದ ಮ್ಯಾನೇಜರ್, ಗಾಯ ಮಾಡಿಕೊಂಡು ಅವನ ಮನೆಯಲ್ಲಿ ಮಲಗಿದ ನೈಜೀರಿಯಾದ ಆಟಗಾರ, ಅವನನ್ನು ನೋಡಿಕೊಳ್ಳುವ ಅಮ್ಮಂದಿರು. ಅಷ್ಟೇ ಕತೆ. ಇಬ್ಬರು ಕ್ಯಾಮೆರಾಮನ್‌ಗಳ ದುಡ್ಡಿನಲ್ಲಿ ಬಂದ ಸಿನಿಮಾ, ಕ್ಯಾಮೆರಾ ಶೈಜು ಅವರದೇ, ಆದರೂ ನೋಡುವಾಗ ಕ್ಯಾಮೆರಾ ನೆನಪಾಗುವುದೇ ಇಲ್ಲ. ನೆನಪಾಗುವುದು ಆ ಅಮ್ಮಂದಿರು.

ಕ್ಯಾಮೆರಾಮನ್ ಸಂತೋಷ್ ಶಿವನ್ ದಾರಿ ಬೇರೆ. ಪೃಥ್ವಿರಾಜ್, ಶಾಜಿ ನಟೇಶನ್ ಜೊತೆ ಆಗಸ್ಟ್ ಸಿನಿಮಾ ಅಂತ ಮಾಡಿಕೊಂಡು 2011ರಲ್ಲಿ 'ಉರುಮಿ' ತೆಗೆದರು. ದೊಡ್ಡ ಐತಿಹಾಸಿಕ ಸಿನಿಮಾ, ನಿರ್ದೇಶನ, ಕ್ಯಾಮೆರಾ ಎಲ್ಲ ಅವರದೇ. ಆದರೆ ಅದೇ ವರ್ಷ ಅದೇ ಸಂಸ್ಥೆ 'ಇಂಡಿಯನ್ ರುಪಿ' ಮಾಡಿತು. ಅದರ ನಿರ್ದೇಶಕ ರಂಜಿತ್, ಕ್ಯಾಮೆರಾ ಎಸ್. ಕುಮಾರ್. ಅಂದರೆ ಸಂಸ್ಥೆ ಒಬ್ಬ ಕ್ಯಾಮೆರಾಮನ್ನಿನ ಆಸೆ ತೀರಿಸೋಕೆ ಮಾತ್ರ ಇರಲಿಲ್ಲ. ನನ್ನ ಅಭಿಪ್ರಾಯ ಕೇಳಿದರೆ, ಮೊದಲ ಸಿನಿಮಾಕ್ಕೆ ಸುಡಾನಿ ದಾರಿ ಹಿಡಿಯಿರಿ. ಉರುಮಿಗೆ ಆಮೇಲೆ ಸಮಯ ಇದೆ.

ದುಡ್ಡು

ಇದನ್ನು ನಿಧಾನವಾಗಿ ಹೇಳುತ್ತೇನೆ, ಯಾಕೆಂದರೆ ನಾನು ಪೆಟ್ಟು ತಿಂದದ್ದು ಇಲ್ಲೇ.

ಶುರುವಿಗೆ ಒಳ್ಳೆಯದು ಫಸ್ಟ್ ಕಾಪಿ ಲೆಕ್ಕ. ಅಂದರೆ ಬೇರೆ ಒಬ್ಬರು ಇಷ್ಟು ಅಂತ ದುಡ್ಡು ಕೊಡುತ್ತಾರೆ, ನೀವು ಸಿನಿಮಾ ಪೂರ್ತಿ ಮುಗಿಸಿ ಮೊದಲ ಪ್ರತಿ ಅವರ ಕೈಗೆ ಕೊಡಬೇಕು. ಉಳಿದರೆ ನಿಮಗೆ, ಮೀರಿದರೆ ನಿಮ್ಮ ತಲೆಗೆ. ಹಕ್ಕು ಬಹುತೇಕ ಅವರದೇ ಇರುತ್ತದೆ, ಆದರೆ ಬೇರೆಯವರ ದುಡ್ಡಿನಲ್ಲಿ ನಿರ್ಮಾಣ ಕಲಿಯುತ್ತೀರಿ. ಒಂದು ಸಿನಿಮಾ ಹೀಗೆ ಮಾಡಿ, ಆಮೇಲೆ ಸ್ವಂತಕ್ಕೆ ಇಳಿಯಿರಿ.

ಸ್ವಂತಕ್ಕೆ ಇಳಿದಾಗ ಸಾಲ ತಗೊಳ್ಳುತ್ತೀರಿ. ತಗೊಳ್ಳದೇ ಮಾಡಿದವರನ್ನು ನಾನು ನೋಡಿಲ್ಲ. 50 ಲಕ್ಷ, ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ ಬಡ್ಡಿ ಅಂತ ಇಟ್ಟುಕೊಳ್ಳಿ. ಕೇಳೋಕೆ ಎರಡೇ ರೂಪಾಯಿ. ತಿಂಗಳಿಗೆ ಒಂದು ಲಕ್ಷ ಆಯಿತು. ಮುಹೂರ್ತದಿಂದ ಬಿಡುಗಡೆವರೆಗೆ ಒಂದೂವರೆ ವರ್ಷ ಹಿಡಿದರೆ 18 ಲಕ್ಷ ಬಡ್ಡಿಗೇ ಹೋಯಿತು. ಶೂಟಿಂಗ್ ಮುಗಿದು ಕುಂಬಳಕಾಯಿ ಒಡೆದಾಗ ಎಲ್ಲರೂ ಫೋಟೋ ತೆಗೆಸಿಕೊಂಡು ಹೊರಡುತ್ತಾರೆ, ಬಡ್ಡಿ ಮಾತ್ರ ಹೊರಡಲ್ಲ. ಅದಕ್ಕೇ ಹೇಳೋದು, ಕಾಗದದ ಮೇಲೆ ಬಜೆಟ್ ಬರೆಯುವಾಗ ಶೂಟಿಂಗ್‌ಗಿಂತ ಶೂಟಿಂಗ್ ನಂತರದ ತಿಂಗಳುಗಳನ್ನು ಮೊದಲು ಬರೆಯಿರಿ. ಎಡಿಟಿಂಗ್, ಡಬ್ಬಿಂಗ್, ರೀರೆಕಾರ್ಡಿಂಗ್ (ಹಿನ್ನೆಲೆ ಸಂಗೀತ, ಶಬ್ದ ಕೂಡಿಸುವುದು), ಡಿಐ (ಚಿತ್ರದ ಬಣ್ಣ, ಬೆಳಕು ಹೊಂದಿಸುವುದು), ಸೆನ್ಸಾರ್. ಪ್ರಚಾರದ ದುಡ್ಡನ್ನು ಬೇರೆ ಅಕೌಂಟಿನಲ್ಲಿ ಇಡಿ, ಶೂಟಿಂಗ್‌ನಲ್ಲಿ ಕಮ್ಮಿ ಬಿದ್ದರೂ ಅದನ್ನು ಮುಟ್ಟಬೇಡಿ. ಮುಟ್ಟುತ್ತೀರಿ, ಗೊತ್ತು. ಆದರೂ ಹೇಳಿದ್ದೇನೆ.

ಸರ್ಕಾರದ ಸಹಾಯಧನಕ್ಕೆ ಅರ್ಜಿ ಹಾಕಿ, ಬಿಡಬೇಡಿ. ಆದರೆ ಬಜೆಟ್ಟಿನಲ್ಲಿ ಅದನ್ನು ಬರುವ ದುಡ್ಡು ಅಂತ ಬರೆಯಬೇಡಿ. ಬಂದ ದಿನ ಬಂತು ಅನ್ನಿ.

ಈಗ ನಿಮ್ಮ ಸಂಭಾವನೆ. "ನಂದೇ ಸಿನಿಮಾ, ನಾನ್ಯಾಕೆ ತಗೊಳ್ಳಲಿ" ಅಂತ ಸೊನ್ನೆ ಬರೆಯುತ್ತೀರಿ. ನಾನೂ ಬರೆದೆ. ಕ್ಯಾಮೆರಾ, ಲೆನ್ಸ್ ಸೆಟ್ಟು ಎರಡೂ ನನ್ನದೇ ಇತ್ತು. 41 ದಿನ ಓಡಿತು. ಬಾಡಿಗೆ ಒಂದು ರೂಪಾಯಿ ಬರೆಯಲಿಲ್ಲ, ಸ್ನೇಹದಲ್ಲಿ ಇದೆಲ್ಲ ಯಾಕೆ ಅಂತ. ಸಿನಿಮಾ ಮುಗಿದು ಪಾಲುದಾರರ ಜೊತೆ ಲೆಕ್ಕಕ್ಕೆ ಕೂತಾಗ ಅವರು ಹಾಕಿದ ದುಡ್ಡು ಎಲ್ಲ ಅಂಕಿಯಲ್ಲಿತ್ತು, ನಾನು ಹಾಕಿದ್ದು ಬಾಯಿ ಮಾತಿನಲ್ಲಿತ್ತು. "ನೀವು ಹಾಕಿದ್ದು ಎಲ್ಲಿದೆ ತೋರಿಸಿ" ಅಂದರು. ಅವರು ಕೇಳಿದ್ದರಲ್ಲಿ ತಪ್ಪೇನೂ ಇರಲಿಲ್ಲ. ತೋರಿಸೋಕೆ ನನ್ನ ಹತ್ತಿರ ಏನೂ ಇರಲಿಲ್ಲ. ಆದ್ದರಿಂದ ನಿಮ್ಮ ಸಂಭಾವನೆಯನ್ನೂ, ನಿಮ್ಮ ಉಪಕರಣದ ಬಾಡಿಗೆಯನ್ನೂ ಮಾರುಕಟ್ಟೆ ದರದಲ್ಲಿ ಬರೆಯಿರಿ. ಕೈಗೆ ತಗೊಳ್ಳುವುದು ಬೇಡ, ಬಾಕಿ ಅಂತ ಬರೆಯಿರಿ. ಅದೇ ನಿಮ್ಮ ಬಂಡವಾಳ.

ಹಾಗಂತ ಸಿನಿಮಾಕ್ಕೋಸ್ಕರ ಹೊಸ ಕ್ಯಾಮೆರಾ ಕೊಳ್ಳೋಕೆ ಹೋಗಬೇಡಿ. ರಂಗಾ ಅವರ ಕಾಲದಲ್ಲಿ ಒಂದು ಮಿಚೆಲ್ ಕ್ಯಾಮೆರಾ ಕೊಂಡರೆ ದಶಕಗಟ್ಟಲೆ ದುಡಿಯುತ್ತಿತ್ತು, ಹೊಸ ಫಿಲ್ಮ್ ಹಾಕಿದರೆ ಅದೇ ಹೊಸ ಕ್ಯಾಮೆರಾ. ಈಗ ಹಾಗಿಲ್ಲ. ಆರಿ ಕಂಪನಿಯ ಡಿಜಿಟಲ್ ಕ್ಯಾಮೆರಾ ಅಲೆಕ್ಸಾ 2010ರಲ್ಲಿ ಬಂತು, ಅಲೆಕ್ಸಾ ಮಿನಿ 2015ರಲ್ಲಿ, ಅಲೆಕ್ಸಾ 35 ಬಂದದ್ದು 2022ರಲ್ಲಿ. ಹೊಸದು ಬಂದ ದಿನ ಹಳೆಯದರ ಬಾಡಿಗೆ ಇಳಿಯುತ್ತದೆ, ಇಎಂಐ ಇಳಿಯಲ್ಲ.

ಕಾಗದ ಪತ್ರ

ಬೇಜಾರು ವಿಷಯ, ಬೇಗ ಮುಗಿಸೋಣ. ಒಂದು ಸಂಸ್ಥೆ ಮಾಡಿ. ಪಾಲುದಾರರಿದ್ದರೆ ಎಲ್‌ಎಲ್‌ಪಿ (ಸೀಮಿತ ಹೊಣೆಯ ಪಾಲುದಾರಿಕೆ) ಅಥವಾ ಪ್ರೈವೇಟ್ ಲಿಮಿಟೆಡ್ ವಾಸಿ, ಯಾವುದು ಅಂತ ಆಡಿಟರ್ ಹೇಳುತ್ತಾರೆ. ಸಿನಿಮಾದ ಅಕೌಂಟ್ ಬೇರೆ, ಮನೆ ಅಕೌಂಟ್ ಬೇರೆ. ಜಿಎಸ್‌ಟಿ ನೋಂದಣಿ ಮಾಡಿಸಿ. ಕಲಾವಿದರಿಗೆ, ತಂತ್ರಜ್ಞರಿಗೆ ಕೊಡುವಾಗ ಟಿಡಿಎಸ್, ಅಂದರೆ ಮೂಲದಲ್ಲೇ ತೆರಿಗೆ, ಹಿಡಿಯಬೇಕು. ಇಷ್ಟು ದಿನ ನಿಮ್ಮ ಸಂಭಾವನೆಯಲ್ಲಿ ಹಿಡಿಯುತ್ತಿದ್ದರಲ್ಲ, ಈಗ ನೀವು ಹಿಡಿದು ಕಟ್ಟುವ ಸರದಿ. ನಿರ್ಮಾಪಕರು ಯಾರಿಗೆ ಎಷ್ಟು ಕೊಟ್ಟರು ಅಂತ ಆದಾಯ ತೆರಿಗೆ ಇಲಾಖೆಗೆ ಪ್ರತ್ಯೇಕ ಪಟ್ಟಿ ಕೊಡಬೇಕಾಗುತ್ತದೆ, ಇದನ್ನೂ ಆಡಿಟರ್‌ಗೆ ನೆನಪಿಸಿ, ಸಿನಿಮಾ ಗೊತ್ತಿಲ್ಲದ ಆಡಿಟರ್‌ಗಳು ಮರೆಯುತ್ತಾರೆ.

ಬ್ಯಾನರ್ ಮತ್ತು ಟೈಟಲ್ ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ನೋಂದಾಯಿಸಬೇಕು. ನಮ್ಮ ಮಾತಿನಲ್ಲಿ ಚೇಂಬರ್. ಅಲ್ಲಿ ಮೊದಲು ನಿರ್ಮಾಪಕರಾಗಿ ಸದಸ್ಯರಾಗಬೇಕು, ಆಮೇಲೆ ಟೈಟಲ್. ಪೋಸ್ಟರ್ ಮಾಡಿಸಿದ ಮೇಲೆ ಟೈಟಲ್‌ಗೆ ಹೋಗಬೇಡಿ, ಅದು ಬೇರೆಯವರ ಹೆಸರಲ್ಲಿ ಇದ್ದೇ ಇರುತ್ತದೆ.

ಕತೆಗಾರರ ಜೊತೆ ಒಪ್ಪಂದ ಬರವಣಿಗೆಯಲ್ಲಿ ಇರಲಿ. ಇದರಲ್ಲಿ ಒಂದು ಸಣ್ಣ ವಿಷಯ ತುಂಬಾ ಜನರಿಗೆ ಗೊತ್ತಿಲ್ಲ. ಹಕ್ಕು ಬರೆಸಿಕೊಳ್ಳುವಾಗ ಎಷ್ಟು ವರ್ಷಕ್ಕೆ ಅಂತ ನಮೂದಿಸದಿದ್ದರೆ ಕಾಯ್ದೆ ಅದನ್ನು ಐದು ವರ್ಷ ಅಂತ ತಿಳಿಯುತ್ತದೆ. ಯಾವ ಪ್ರದೇಶಕ್ಕೆ ಅಂತ ಬರೆಯದಿದ್ದರೆ ಭಾರತಕ್ಕೆ ಮಾತ್ರ. "ಎಲ್ಲಾ ಹಕ್ಕುಗಳು" ಅಂತ ದಪ್ಪ ಅಕ್ಷರದಲ್ಲಿ ಬರೆಸಿ, ಅವಧಿ ಬರೆಸದೆ ಬಂದವರನ್ನು ನೋಡಿದ್ದೇನೆ. ಓಟಿಟಿಗೆ ಮಾರಲು ಹೋದಾಗ ಅವರ ವಕೀಲರು ಮೊದಲು ಕೇಳುವುದು ಇದೇ ಕಾಗದ. ರೀಮೇಕ್, ಡಬ್ಬಿಂಗ್ ಎರಡನ್ನೂ ಹೆಸರಿಟ್ಟು ಬರೆಸಿ.

ಸೆಟ್‌ನಲ್ಲಿ ಎರಡು ಟೋಪಿ

ಈಗ ಆ ಪ್ರಶ್ನೆ. ಕ್ಯಾಮೆರಾ ನೀವೇ ಮಾಡಬೇಕಾ, ಬೇರೆಯವರಿಗೆ ಕೊಡಬೇಕಾ?

ಬಜೆಟ್ ಚಿಕ್ಕದಿದ್ದರೆ ನೀವೇ ಮಾಡಿ, ಒಂದು ಸಂಭಾವನೆ ತಕ್ಷಣಕ್ಕೆ ಕೊಡುವುದು ತಪ್ಪುತ್ತದೆ. ಆದರೆ ಒಂದು ಕಟ್ಟುಪಾಡು ಹಾಕಿಕೊಳ್ಳಿ. ನಿಮಗೇ 'ಇಲ್ಲ' ಅನ್ನಬಲ್ಲ ಪ್ರೊಡಕ್ಷನ್ ಮ್ಯಾನೇಜರ್ ಇರಲಿ. ಸಕಲೇಶಪುರದಲ್ಲಿ ವೋಚರ್ ಪುಸ್ತಕ ಹಿಡಿದು ಬಂದವರ ತರಹ. ಅವರಿಗೆ ಮೊದಲ ದಿನವೇ ಯೂನಿಟ್ ಎದುರಿಗೆ ಹೇಳಿಬಿಡಿ, ಹೊತ್ತಿನ ವಿಷಯದಲ್ಲಿ ಅವರ ಮಾತೇ ಕೊನೆ ಅಂತ. ನಿರ್ಮಾಪಕನೇ ಕ್ಯಾಮೆರಾ ಹಿಂದೆ ನಿಂತರೆ ಲೈಟ್‌ನವರು, ಅಸಿಸ್ಟೆಂಟ್‌ಗಳು ಯಾರೂ ಗಡಿಯಾರ ತೋರಿಸುವ ಧೈರ್ಯ ಮಾಡಲ್ಲ. ಅದು ನಿಮಗೇ ಮುಳುವು.

ನಾನು ಕಂಡುಕೊಂಡ ಉಪಾಯ ಇದು. ಇಡೀ ಸಿನಿಮಾದಲ್ಲಿ ಎಷ್ಟು ಹೊತ್ತಾದರೂ ಕಾಯುವ ಶಾಟ್ ಅಂತ ಮೂರೇ ಮೂರು ಮೊದಲೇ ಡೈರೆಕ್ಟರ್ ಜೊತೆ ಕೂತು ಗುರುತು ಮಾಡಿ. ಅವುಗಳಿಗೆ ಷೆಡ್ಯೂಲ್‌ನಲ್ಲೇ ಜಾಗ ಬಿಡಿ. ಉಳಿದದ್ದೆಲ್ಲ ಇದ್ದ ಬೆಳಕಿನಲ್ಲಿ. ಮಂಜಿನ ಶಾಟ್ ಆ ಮೂರರಲ್ಲಿ ಇರಲಿಲ್ಲ ಅನ್ನಿ, ನಾನು ಆಗ ಪಟ್ಟಿ ಮಾಡಿರಲೂ ಇಲ್ಲ.

ಷೆಡ್ಯೂಲ್ ಮಾತ್ರ ನೀವೇ ಕೂತು ಮಾಡಿ. ಇದು ಕ್ಯಾಮೆರಾಮನ್-ನಿರ್ಮಾಪಕನ ಬ್ರಹ್ಮಾಸ್ತ್ರ. ಪೂರ್ವಕ್ಕೆ ಬಾಗಿಲಿರುವ ಮನೆ, ಜಗುಲಿ ಸೀನ್ ಬೆಳಗ್ಗೆ ಎಂಟರಿಂದ ಹತ್ತು. ಬಿಸಿಲು ನೆತ್ತಿಗೆ ಬಂದ ಕೂಡಲೇ ಒಳಗೆ ಅಡುಗೆಮನೆ ಸೀನ್. ನಾಲ್ಕರ ಮೇಲೆ ಹಿತ್ತಲು. ಸೂರ್ಯನ ಪ್ರಕಾರ ಸೀನ್ ಜೋಡಿಸಿದರೆ ಅರ್ಧ ಲೈಟು ಉಳಿಯುತ್ತದೆ, ಲೈಟು ಉಳಿದರೆ ಅದಕ್ಕೆ ಬೇಕಾದ ಜನ ಉಳಿಯುತ್ತಾರೆ, ಒಂದು ಗಾಡಿ ಉಳಿಯುತ್ತದೆ, ಜನರೇಟರ್ ಬದಲು ಎಲ್‌ಇಡಿ ಹಾಕಿ ಮನೆ ಕರೆಂಟಿನಲ್ಲೇ ಮುಗಿಸಬಹುದು. ನಮ್ಮ ಒಂದು ಹಳ್ಳಿ ಮನೆಯ ಭಾಗವನ್ನು ಹೀಗೆ ಎಂಟು ದಿನದ ಬದಲು ಆರು ದಿನದಲ್ಲಿ ಮುಗಿಸಿದೆವು. ಲೈಟ್ ಇದ್ದದ್ದು ನಾಲ್ಕು, ಬೆಳಕು ಹರಡೋಕೆ ಒಂದು ಬಿಳಿ ಪಂಚೆ, ಎರಡು ಥರ್ಮಾಕೋಲ್.

ಊಟದಲ್ಲಿ ಉಳಿಸಬೇಡಿ. ಬಾಟಾ ಅವತ್ತಿನದು ಅವತ್ತೇ ಸಂಜೆ ಕೊಟ್ಟುಬಿಡಿ. ನಾವೇ ಎಷ್ಟೋ ಸಲ ಬಾಕಿ ದುಡ್ಡಿಗೆ ಅಲೆದವರು, ಆ ಕಡೆ ಕುರ್ಚಿಯಲ್ಲಿ ಕೂತ ಮೇಲೆ ಅದನ್ನು ಮರೆಯುವುದು ಎಷ್ಟು ಸುಲಭ ಅಂತ ನನಗೇ ಆಶ್ಚರ್ಯವಾಯಿತು.

ಪ್ರಾಣಿ ತೋರಿಸುವುದಿದ್ದರೆ, ಎತ್ತಿನ ಗಾಡಿಯಾದರೂ ಸರಿ, ಶೂಟಿಂಗ್‌ಗೆ ಮೊದಲೇ ಪ್ರಾಣಿ ಕಲ್ಯಾಣ ಮಂಡಳಿಗೆ ಅರ್ಜಿ ಹಾಕಿ. ಮುಗಿದ ಮೇಲೆ ಓಡಾಡಿದರೆ ಸೆನ್ಸಾರ್‌ನಲ್ಲಿ ಸಿಕ್ಕಿಹಾಕಿಕೊಳ್ಳುತ್ತೀರಿ.

ಶೂಟಿಂಗ್ ಮುಗಿದ ಮೇಲೆ

ನಮ್ಮ ಕ್ಯಾಮೆರಾದವರಿಗೆ ಕಣ್ಣು ಇದೆ, ಕಿವಿ ಇಲ್ಲ. ಡಿಐಗೆ ಹದಿನೈದು ದಿನ ಕೂರುತ್ತೇವೆ, ಸೌಂಡ್ ಮಿಕ್ಸಿಂಗ್‌ಗೆ "ಅವರು ನೋಡ್ಕೋತಾರೆ ಬಿಡಿ" ಅನ್ನುತ್ತೇವೆ. ಥಿಯೇಟರ್‌ನಲ್ಲಿ ಚಿತ್ರ ಸ್ವಲ್ಪ ಮಂಕಾಗಿದ್ದರೂ ಜನ ಸಹಿಸುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ. ಹಾಗಾಗಿ ಡಿಐಗೆ ದಿನ ಗೊತ್ತು ಮಾಡಿ, ಕಲರಿಸ್ಟ್‌ಗೆ ನಾಲ್ಕೈದು ಮುಖ್ಯ ಸೀನ್ ತೋರಿಸಿ, ಮಿಕ್ಕದ್ದು ಬಿಟ್ಟುಕೊಡಿ. ಉಳಿದ ಹೊತ್ತು ರೀರೆಕಾರ್ಡಿಂಗ್‌ನಲ್ಲಿ ಕೂರಿ. ನಿದ್ದೆ ಬಂದರೂ ಕೂರಿ.

ಸೆನ್ಸಾರ್‌ಗೆ ಬಿಡುಗಡೆ ದಿನಾಂಕ ಘೋಷಿಸುವ ಮೊದಲೇ ಹಾಕಿ. ಅರ್ಜಿ ಈಗ ಆನ್‌ಲೈನ್. 2024ರ ನಿಯಮಗಳ ಪ್ರಕಾರ ಯು/ಎ ಒಳಗೇ 7, 13, 16 ವರ್ಷ ಅಂತ ಮೂರು ವಿಭಾಗ ಇವೆ. ಮೊದಲು ಸರ್ಟಿಫಿಕೇಟ್‌ಗೆ ಹತ್ತು ವರ್ಷದ ಅವಧಿ ಅಂತ ಇತ್ತು, 2023ರ ತಿದ್ದುಪಡಿಯಲ್ಲಿ ಅದು ಶಾಶ್ವತ ಆಯಿತು. ಸಿಗರೇಟು ಸೇದುವ ಶಾಟ್ ಇದ್ದರೆ ಕೆಳಗೆ ಎಚ್ಚರಿಕೆ ಬರಹ ಬರಲೇಬೇಕು. ಚೆಂದದ ಹೊಗೆ, ಬ್ಯಾಕ್‌ಲೈಟು, ಅದರ ಮೇಲೆ ಆ ಬರಹ. ನಿಮ್ಮ ಫ್ರೇಮ್ ಹಾಳಾಗುತ್ತದೆ, ಮೊದಲೇ ಗೊತ್ತಿರಲಿ.

ಬಿಡುಗಡೆ ಬಗ್ಗೆ ನಾನು ಜಾಸ್ತಿ ಬುದ್ಧಿ ಹೇಳುವಂತಿಲ್ಲ, ಇನ್ನೂ ಕಲಿಯುತ್ತಿದ್ದೇನೆ. ಗಾಂಧಿನಗರದಲ್ಲಿ ಬಿಕೆಟಿ ಅಂದರೆ ಬೆಂಗಳೂರು, ಕೋಲಾರ, ತುಮಕೂರು. ಹೀಗೆ ಏರಿಯಾ ಪ್ರಕಾರ ವ್ಯಾಪಾರ. ಔಟ್‌ರೈಟ್ ಅಂದರೆ ಪೂರ್ತಿ ಮಾರಾಟ, ಎಂಜಿ ಅಂದರೆ ಕನಿಷ್ಠ ಇಷ್ಟು ಅಂತ ಖಾತ್ರಿ, ಕಮಿಷನ್ ಅಂದರೆ ರಿಸ್ಕ್ ಎಲ್ಲ ನಿಮ್ಮದೇ. ಹೊಸ ನಿರ್ಮಾಪಕರಿಗೆ ಸಿಗುವುದು ಹೆಚ್ಚಾಗಿ ಮೂರನೆಯದು. ಒಂಟಿ ಪರದೆಗೆ ವಾರದ ಬಾಡಿಗೆ, ಮಲ್ಟಿಪ್ಲೆಕ್ಸ್‌ನಲ್ಲಿ ಪಾಲು, ಆ ಪಾಲು ವಾರ ಕಳೆದಂತೆ ಇಳಿಯುತ್ತದೆ. ಡಿಜಿಟಲ್ ಪ್ರೊಜೆಕ್ಷನ್ ಕಂಪನಿಗೆ ಬೇರೆ ಕಟ್ಟಬೇಕು. ನನ್ನ ಸಿನಿಮಾಕ್ಕೆ ಒಂದು ಹಂಚಿಕೆ ಕಚೇರಿಯವರು ಡಿಸಿಆರ್, ಅಂದರೆ ದಿನದ ಕಲೆಕ್ಷನ್ ಪಟ್ಟಿ, ಮೂರು ತಿಂಗಳಾದ ಮೇಲೆ ಕೊಟ್ಟರು. ಅದರಲ್ಲಿ ನಾನೇ ಟಿಕೆಟ್ ಕೊಂಡು ಕೂತು ನೋಡಿದ ಒಂದು ಭಾನುವಾರದ ಆಟ ಇರಲೇ ಇಲ್ಲ. ದಿನಾ ರಾತ್ರಿ ವಾಟ್ಸಾಪ್‌ನಲ್ಲಿ ಡಿಸಿಆರ್ ಬರಬೇಕು ಅಂತ ಒಪ್ಪಂದದಲ್ಲೇ ಬರೆಸಿ.

ಓಟಿಟಿ ಬಂದು ಉಳಿಸುತ್ತದೆ ಅಂತ ಲೆಕ್ಕ ಹಾಕಿ ಸಾಲ ಮಾಡಬೇಡಿ. ಕನ್ನಡದ ಚಿಕ್ಕ ಸಿನಿಮಾಗಳಿಗೆ ಅಲ್ಲಿ ಬಾಗಿಲು ಸುಲಭಕ್ಕೆ ತೆರೆಯಲ್ಲ. ಸಹಿ ಆದ ಕಾಗದ ಕೈಗೆ ಬಂದ ಮೇಲೆ ಬರೆದುಕೊಳ್ಳಿ.

ಕೊನೆಗೆ ಒಂದು ಕೆಲಸ, ಯಾರೂ ಮಾಡಲ್ಲ. ಮಾಸ್ಟರ್ ಜೋಪಾನ. 60 ವರ್ಷದ ಹಕ್ಕು ಅಂದೆನಲ್ಲ, ಹಾರ್ಡ್‌ಡಿಸ್ಕ್ ಕೈಕೊಟ್ಟರೆ ಆ ಹಕ್ಕು ಇಟ್ಟುಕೊಂಡು ಏನು ಮಾಡುತ್ತೀರಿ? ಗ್ರೇಡಿಂಗ್ ಆದ ಪೂರ್ತಿ ಫೈಲ್, ಸೌಂಡ್ ಟ್ರ್ಯಾಕ್‌ಗಳು, ಸಬ್‌ಟೈಟಲ್, ಟೈಟಲ್ ಕಾರ್ಡ್ ಇಲ್ಲದ ಪ್ರತಿ, ಎಲ್ಲವೂ ಕನಿಷ್ಠ ಎರಡು ಕಡೆ ಇರಲಿ, ಒಂದೇ ಊರಲ್ಲಿ ಬೇಡ. ಕೈಯಲ್ಲಿ ದುಡ್ಡಿದ್ದರೆ ಎಲ್‌ಟಿಓ ಟೇಪಿಗೆ, ಅಂದರೆ ಫೈಲ್‌ಗಳನ್ನು ಬಹುಕಾಲ ಇಡುವ ಟೇಪಿಗೆ, ಹಾಕಿಸಿ. ನನ್ನದೊಂದು ಡಿಸ್ಕ್ ಬೆಂಗಳೂರಿನ ಮನೆಯಲ್ಲಿದೆ. ಇನ್ನೊಂದು ಹಾಸನದಲ್ಲಿ ಅಕ್ಕನ ಬೀರುವಿನಲ್ಲಿ, ರೇಷ್ಮೆ ಸೀರೆಗಳ ಕೆಳಗೆ, ಹಳೇ ಟವೆಲ್‌ನಲ್ಲಿ ಸುತ್ತಿಟ್ಟಿದ್ದೇನೆ. ದೀಪಾವಳಿಗೆ ಹೋದಾಗ ತೆಗೆದು ಲ್ಯಾಪ್‌ಟಾಪ್‌ಗೆ ಸಿಕ್ಕಿಸಿ, ಓಡುತ್ತಾ ಅಂತ ಎರಡು ನಿಮಿಷ ನೋಡಿ, ಮತ್ತೆ ಇಡುತ್ತೇನೆ. ಹೋದ ಸಲ ಮಂಜಿನ ಶಾಟ್ ಬಂದಾಗ ಅಕ್ಕ ಹಿಂದೆ ನಿಂತು ನೋಡುತ್ತಿದ್ದಳು. "ಇದು ಚೆನ್ನಾಗಿದೆ ಕಣೋ, ಏನೂ ಕಾಣಿಸ್ದೇ ಇರೋದೇ ಚೆಂದ" ಅಂದಳು.